ಸಸಿ ನೆಡುವ ಮೊದಲು ಆ ನೆಲದಲ್ಲಿ ಏನಿದೆ ಎಂದು ನೋಡಿದ್ದೇವೆಯೇ?

ಹಳೆಯ ಚಿತ್ರಗಳನ್ನು ಜೋಡಿಸುತ್ತಿದ್ದಾಗ, ಕೆಲವು ವರ್ಷಗಳ ಹಿಂದೆ ನಾನೂ ಪಾಲ್ಗೊಂಡಿದ್ದ ಸಸಿ ನೆಡುವ ಕಾರ್ಯಕ್ರಮವೊಂದರ ಚಿತ್ರಗಳು ಸಿಕ್ಕಿದವು. ಎಲ್ಲರೂ ಬೋಳುಗುಡ್ಡ ಎಂದು ಕರೆಯುತ್ತಿದ್ದ ಜಾಗ ಅದು. ಹಿಂದಿನ ದಿನವೇ ಯಂತ್ರ ತರಿಸಿ, ಹುಲ್ಲನ್ನೂ ಕುರುಚಲು ಗಿಡಗಳನ್ನೂ ಬೇರುಸಹಿತ ಕೆರೆಸಿ, ಸಾಲಾಗಿ ಗುಂಡಿ ತೋಡಿಸಿದ್ದರು. ನಾವು ಬೆಳಗಿನಿಂದ ಮಧ್ಯಾಹ್ನದವರೆಗೆ ಸಸಿಗಳನ್ನು ನೆಟ್ಟು, ಒಳ್ಳೆಯದೊಂದು ಕೆಲಸ ಮಾಡಿದ ನೆಮ್ಮದಿಯಲ್ಲಿ ಮನೆಗೆ ಮರಳಿದ್ದೆವು. ಅದೇ ಗುಡ್ಡದಲ್ಲಿ ಅದರ ಹಿಂದಿನ ಮಳೆಗಾಲದಲ್ಲಿ ನಾನು ತೆಗೆದಿದ್ದ ಇನ್ನಷ್ಟು ಚಿತ್ರಗಳೂ ಅಲ್ಲೇ ಇದ್ದವು. ಹುಲ್ಲಿನ ನಡುವೆ ನೆಟ್ಟಗೆ ನಿಂತ ಬಿಳಿ ಹೂಗೊಂಚಲು, ನೀರು ಜಿನುಗುವ ಕಲ್ಲಿನ ಮೇಲೆ ಅಂಟುಹನಿಗಳನ್ನು ಹೊತ್ತ ಕೆಂಪು ಎಲೆಗಳ ಪುಟ್ಟ ಗಿಡ, ಹೆಬ್ಬೆರಳಿಗಿಂತ ಎತ್ತರವಿಲ್ಲದ ನೀಲಿ ಹೂಗಳು. ಮೊದಲನೆಯದು ನೆಲದಲ್ಲಿ ಬೆಳೆಯುವ ಹ್ಯಾಬೆನೇರಿಯಾ ಜಾತಿಯ ಆರ್ಕಿಡ್, ಎರಡನೆಯದು ಕೀಟಗಳನ್ನು ಹಿಡಿಯುವ ಡ್ರೊಸೆರಾ ಎಂದು ನನಗೆ ತಿಳಿದದ್ದು ಬಹಳ ತಡವಾಗಿ. ಮೂರನೆಯದು ಏನಾಗಿತ್ತೆಂದು ಇವತ್ತಿಗೂ ತಿಳಿದಿಲ್ಲ. ಚಿತ್ರದಲ್ಲಿ ಹೂವಿದೆಯೇ ಹೊರತು ಎಲೆ ಕಾಣುವುದಿಲ್ಲ, ಹೋಗಿ ನೋಡೋಣವೆಂದರೆ ಗಿಡವೂ ಇಲ್ಲ.

ಅಂದು ನಮ್ಮಲ್ಲಿ ಯಾರಿಗೂ ಕೆಟ್ಟ ಉದ್ದೇಶವಿರಲಿಲ್ಲ. ಆದರೆ ನಾವು ನೆಟ್ಟ ಸಸಿಗಳ ಪಟ್ಟಿ ನಮ್ಮ ಕೈಯಲ್ಲಿತ್ತು, ನಾವು ಕೆರೆಸಿ ಹಾಕಿದ ಗಿಡಗಳ ಪಟ್ಟಿ ಯಾರ ಬಳಿಯೂ ಇರಲಿಲ್ಲ. ಒಂದು ಪ್ರದೇಶದ ಸಹಜ ಸಸ್ಯಗಳನ್ನು ಉಳಿಸುವ ಮಾತು ಆರಂಭವಾಗಬೇಕಾದದ್ದು ಅವುಗಳನ್ನು ಗುರುತಿಸುವುದರಿಂದ ಎಂದು ನಾನು ಈಗ ದೃಢವಾಗಿ ನಂಬುತ್ತೇನೆ. ಹೆಸರು ಗೊತ್ತಿಲ್ಲದ ಗಿಡ ನಮ್ಮ ಕಣ್ಣಿಗೆ ಕಳೆಯಾಗಿಯೇ ಕಾಣುತ್ತದೆ, ಕಳೆಯೆಂದು ಕಂಡದ್ದನ್ನು ಕೀಳುವುದಕ್ಕೆ ಯಾರ ಅನುಮತಿಯೂ ಬೇಕೆನಿಸುವುದಿಲ್ಲ.

ಹೆಸರು ಎಂದಾಗ ಎದುರಾಗುವ ಮೊದಲ ತೊಡಕು ಆಡುಮಾತಿನದು. ರಸ್ತೆಯ ಬದಿಯಲ್ಲಿ, ಕಾಂಪೌಂಡಿನ ಗೋಡೆಯ ಪಕ್ಕದಲ್ಲಿ ಕಂಬದಂತೆ ಎತ್ತರವಾಗಿ ಬೆಳೆದು, ಎಲೆಗಳನ್ನು ಕೆಳಕ್ಕೆ ಇಳಿಬಿಟ್ಟಿರುವ ಮರವನ್ನು ನಾವು ಅಶೋಕ ಎನ್ನುತ್ತೇವೆ. ಕಿತ್ತಳೆ, ಕೆಂಪು ಬಣ್ಣದ ಹೂಗೊಂಚಲುಗಳ ನಿಜವಾದ ಅಶೋಕ, ಅಂದರೆ ಸರಾಕಾ ಅಸೋಕಾ, ಬೇರೆಯೇ ಕುಟುಂಬದ ಮರ. ಔಷಧಿಗಾಗಿ ಅದರ ತೊಗಟೆ ಸುಲಿದು ಸುಲಿದು, ಜೀವಿಗಳ ಅಳಿವಿನ ಅಪಾಯವನ್ನು ತೋರಿಸುವ ಅಂತರರಾಷ್ಟ್ರೀಯ ಕೆಂಪುಪಟ್ಟಿಯಲ್ಲಿ ಅಪಾಯಕ್ಕೆ ಸಿಲುಕಬಹುದಾದ ಪ್ರಭೇದಗಳ ಸಾಲಿಗೆ ಅದು ಸೇರಿದೆ. ಒಂದೆಲಗವನ್ನು ಕೆಲವರು ಬ್ರಾಹ್ಮಿ ಎನ್ನುತ್ತಾರೆ. ಬಕೋಪ ಮೊನ್ನಿಯೇರಿ ಎಂಬ ಇನ್ನೊಂದು ನೆಲಬಳ್ಳಿಗೂ ಅದೇ ಹೆಸರು. ಅಂತರಗಂಗೆ ಎಂಬ ಹೆಸರಿನ ಕೆಳಗೂ ಒಂದಕ್ಕಿಂತ ಹೆಚ್ಚು ಜಲಸಸ್ಯಗಳಿವೆ. ನನಗೆ ಎಲ್ಲಕ್ಕಿಂತ ಹೆಚ್ಚು ನೋವು ತರುವ ಉದಾಹರಣೆಯೆಂದರೆ, ಆಸ್ಟ್ರೇಲಿಯಾದಿಂದ ಬಂದ ಯೂಕಲಿಪ್ಟಸ್ ಮರಕ್ಕೆ ಕನ್ನಡದಲ್ಲಿ ನೀಲಗಿರಿ ಎಂಬ ಹೆಸರೇ ನಿಂತುಹೋಗಿರುವುದು. ನೀಲಗಿರಿ ಬೆಟ್ಟಗಳ ಹುಲ್ಲುಗಾವಲಿನ ಸ್ವಂತ ಗಿಡವಾದ ಕುರಿಂಜಿ ಹನ್ನೆರಡು ವರ್ಷಕ್ಕೊಮ್ಮೆ ಒಟ್ಟಾಗಿ ಹೂಬಿಟ್ಟು ಸಾಯುತ್ತದೆ. ಬೆಟ್ಟಕ್ಕೆ ನೀಲಿಯ ಹೆಸರು ಬಂದದ್ದೇ ಆ ಹೂವಿನಿಂದ ಎಂದು ಹೇಳುವವರಿದ್ದಾರೆ. ಆ ಕುರಿಂಜಿಯ ಹುಲ್ಲುಗಾವಲುಗಳಲ್ಲಿ ಬ್ರಿಟಿಷರ ಕಾಲದಿಂದ ನೆಡುತ್ತ ಬಂದ ಮರಗಳಲ್ಲಿ ಯೂಕಲಿಪ್ಟಸ್ ಕೂಡ ಒಂದು.

ಈ ಗೊಂದಲವನ್ನು ಬಿಡಿಸಲು ನೆರವಾಗುವಂತೆ ಸ್ವೀಡನ್ನಿನ ಸಸ್ಯವಿಜ್ಞಾನಿ ಲಿನೇಯಸ್ 1753ರಲ್ಲಿ ಪ್ರತಿ ಗಿಡಕ್ಕೂ ಎರಡು ಪದಗಳ ಹೆಸರನ್ನು ಕೊಡುವ ಪದ್ಧತಿಯನ್ನು ನೆಲೆಗೊಳಿಸಿದ. ಹಾಗೆಂದು ಊರಿನ ಹೆಸರುಗಳನ್ನು ಬದಿಗೆ ಸರಿಸಬೇಕೆಂದು ನಾನು ಹೇಳುತ್ತಿಲ್ಲ. ಗಿಡ ಯಾವಾಗ ಚಿಗುರುತ್ತದೆ, ಯಾವ ದನ ಅದನ್ನು ಮುಟ್ಟುವುದಿಲ್ಲ, ಯಾವ ಮಣ್ಣಿನಲ್ಲಿ ಬರುತ್ತದೆ ಎಂಬ ತಿಳಿವಳಿಕೆ ಆ ಹೆಸರುಗಳ ಜೊತೆಗೇ ಉಳಿದು ಬಂದಿದೆ. ಎರಡನ್ನೂ ಒಂದೇ ಪುಟದಲ್ಲಿ ಬರೆದಿಟ್ಟುಕೊಂಡರೆ ಸಾಕು.

ಗುರುತಿಸುವ ಕೆಲಸ ಸಸ್ಯವಿಜ್ಞಾನಿಗಳಿಗಷ್ಟೇ ಸೇರಿದ್ದು ಎಂಬ ಅಂಜಿಕೆ ಅನೇಕರಲ್ಲಿದೆ. ನನಗೂ ಇತ್ತು. ಕಲಿಯತೊಡಗಿದ ಮೇಲೆ ತಿಳಿದದ್ದು, ಇದಕ್ಕೆ ಬೇಕಾದದ್ದು ಮುಖ್ಯವಾಗಿ ನೋಡುವ ಕ್ರಮ. ಹೂವು ವರ್ಷದಲ್ಲಿ ಕೆಲವೇ ದಿನ ಇರುತ್ತದೆ, ಎಲೆ, ಕಾಂಡ ಮತ್ತು ತೊಗಟೆ ಹೆಚ್ಚು ಕಾಲ ಇರುತ್ತವೆ. ಎಲೆಗಳು ಎದುರುಬದುರಾಗಿವೆಯೋ, ಒಂದು ಬಿಟ್ಟು ಒಂದರಂತೆ ಪರ್ಯಾಯವಾಗಿವೆಯೋ ಎಂಬುದು ಮೊದಲ ಪ್ರಶ್ನೆ. ಕಣ್ಣಿಗೆ ಕಾಣುವುದು ಒಂದು ಪೂರ್ಣ ಎಲೆಯೋ ಅಥವಾ ಹಲವು ಕಿರುಎಲೆಗಳು ಸೇರಿ ಆದ ಸಂಯುಕ್ತ ಎಲೆಯ ಒಂದು ಕಿರುಎಲೆಯೋ ಎಂಬುದು ಎರಡನೆಯದು. ತೊಟ್ಟಿನ ಬುಡದಲ್ಲಿ ಮೊಗ್ಗಿದ್ದರೆ ಅದು ಪೂರ್ಣ ಎಲೆ. ಎದುರುಬದುರು ಎಲೆಗಳಿದ್ದು, ಎರಡು ತೊಟ್ಟುಗಳ ನಡುವೆ ಕಾಂಡದ ಮೇಲೆ ಪುಟ್ಟ ತ್ರಿಕೋನದಂಥ ಪೊರೆಯಿದ್ದರೆ ಅದು ಕಾಫಿಯ ಕುಟುಂಬದ್ದಾಗಿರುವ ಸಾಧ್ಯತೆ ಬಹಳ. ಎಲೆ ಮುರಿದಾಗ ಹಾಲು ಒಸರುತ್ತದೆಯೇ, ಹಿಸುಕಿದಾಗ ವಾಸನೆ ಬರುತ್ತದೆಯೇ, ಎಲೆಯ ಅಡಿಭಾಗದಲ್ಲಿ ರೋಮಗಳಿವೆಯೇ ಎಂದು ಒಂದೊಂದನ್ನೇ ನೋಡುತ್ತ ಹೋದಂತೆ ಹಸಿರಿನ ಒಂದೇ ರಾಶಿಯಾಗಿ ಕಾಣುತ್ತಿದ್ದದ್ದು ಬಿಡಿಬಿಡಿಯಾಗಿ ಕಾಣತೊಡಗುತ್ತದೆ. ಎರಡೆರಡು ಆಯ್ಕೆಗಳನ್ನು ಮುಂದಿಟ್ಟು, ಒಂದೊಂದು ಕವಲನ್ನೇ ತೊರೆಯುತ್ತ ಗಿಡದ ಹೆಸರಿಗೆ ತಲುಪಿಸುವ ಕ್ರಮವನ್ನು ಫ್ರೆಂಚ್ ವಿಜ್ಞಾನಿ ಲಾಮಾರ್ಕ್ 1778ರಲ್ಲಿ ಫ್ರಾನ್ಸಿನ ಸಸ್ಯಗಳಿಗಾಗಿ ಬಳಕೆಗೆ ತಂದ. ಒಂದು ಪ್ರದೇಶದ ಗಿಡಗಳನ್ನು ವಿವರಿಸುವ ಪುಸ್ತಕಗಳು ಇಂದಿಗೂ ಆ ದಾರಿಯಲ್ಲೇ ನಡೆಯುತ್ತವೆ. ಕೈಯಲ್ಲಿ ಹತ್ತು ಪಟ್ಟು ದೊಡ್ಡದಾಗಿ ತೋರಿಸುವ ಮಸೂರವೊಂದಿದ್ದರೆ ಅರ್ಧ ದಾರಿ ಕ್ರಮಿಸಿದಂತೆ.

ಮೊಬೈಲಿನಲ್ಲಿ ಚಿತ್ರ ತೆಗೆದ ಕ್ಷಣದಲ್ಲೇ ಹೆಸರು ಹೇಳುವ ಆ್ಯಪ್‌ಗಳನ್ನು ನಾನೂ ಬಳಸುತ್ತೇನೆ, ಇತರರಿಗೂ ಬಳಸಿ ಎಂದು ಹೇಳುತ್ತೇನೆ. ಆದರೆ ಅವು ಕಲಿತಿರುವುದು ಜನ ಹೆಚ್ಚಾಗಿ ಚಿತ್ರ ತೆಗೆದಿರುವ ಗಿಡಗಳಿಂದ. ಜಗತ್ತಿನ ಎಲ್ಲೆಡೆ ಕಾಣುವ ಕಳೆಯನ್ನೋ ತೋಟದ ಹೂವನ್ನೋ ಅವು ಸಲೀಸಾಗಿ ಗುರುತಿಸುತ್ತವೆ. ಕೆಲವೇ ಮೈಲಿಗಳ ವ್ಯಾಪ್ತಿಯಲ್ಲಿ ಮಾತ್ರ ಬೆಳೆಯುವ ಗಿಡದ ಚಿತ್ರ ಕೊಟ್ಟಾಗ, ಅದನ್ನು ಹೋಲುವ ಸಾಮಾನ್ಯ ಗಿಡದ ಹೆಸರು ಹೇಳುವ ಸಂಭವ ಹೆಚ್ಚು. ನಾವು ಹೆಚ್ಚು ಎಚ್ಚರದಿಂದಿರಬೇಕಾದ ಕಡೆಯಲ್ಲೇ ಅವು ತಪ್ಪುತ್ತವೆ ಎಂದಾಯಿತು. ಆದ್ದರಿಂದ ಹೂವಿನ ಒಂದು ಚಿತ್ರಕ್ಕೆ ನಿಲ್ಲದೆ ಇಡೀ ಗಿಡ, ಎಲೆಯ ಎರಡೂ ಬದಿ, ಕಾಂಡ, ಕಾಯಿ, ಸುತ್ತಲಿನ ನೆಲ ಎಲ್ಲವನ್ನೂ ತೆಗೆಯಿರಿ, ದಿನಾಂಕ ಬರೆದಿಡಿ. ನನ್ನ ಆ ನೀಲಿ ಹೂವಿನ ವಿಷಯದಲ್ಲಿ ನಾನು ಇಷ್ಟನ್ನು ಮಾಡಿದ್ದರೆ ಇಂದು ಅದಕ್ಕೊಂದು ಹೆಸರಾದರೂ ಇರುತ್ತಿತ್ತು.

ಚಿತ್ರ ಎಷ್ಟೇ ಚೆನ್ನಾಗಿದ್ದರೂ ಒಣಗಿಸಿ ಹಾಳೆಗೆ ಅಂಟಿಸಿದ ಮಾದರಿಗೆ ಸಾಟಿಯಾಗುವುದಿಲ್ಲ. ಹರ್ಬೇರಿಯಂ ಎಂದರೆ ಇಂಥ ಮಾದರಿಗಳ ಸಂಗ್ರಹಾಲಯ; ಜಗತ್ತಿನ ಸುಮಾರು 3,500 ಹರ್ಬೇರಿಯಂಗಳಲ್ಲಿ ಇಂಥ ಸುಮಾರು 40 ಕೋಟಿ ಮಾದರಿಗಳಿವೆ. ಇನ್ನೂ ಹೆಸರಿಡದ ಹೂಬಿಡುವ ಸಸ್ಯಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವು ಈಗಾಗಲೇ ಯಾರೋ ಸಂಗ್ರಹಿಸಿ ತಂದು, ಹರ್ಬೇರಿಯಂಗಳ ಕಪಾಟುಗಳಲ್ಲೇ ಗುರುತಿಸುವವರಿಗಾಗಿ ಕಾಯುತ್ತಿರಬಹುದೆಂದು 2010ರಲ್ಲಿ ಪ್ರಕಟವಾದ ಅಧ್ಯಯನವೊಂದು ಅಂದಾಜಿಸಿತು. ಇದನ್ನು ಮೊದಲ ಸಲ ಓದಿದಾಗ ನನಗೆ ನಂಬಲಾಗಲಿಲ್ಲ. ಗಿಡಗಳನ್ನು ಕಲೆಹಾಕುವವರಿಗಿಂತಲೂ ಅವುಗಳ ವರ್ಗೀಕರಣವನ್ನು ಶ್ರದ್ಧೆಯಿಂದ ಕಲಿತವರು ಕಡಿಮೆಯಾಗುತ್ತಿದ್ದಾರೆ. ವಿಶ್ವವಿದ್ಯಾಲಯಗಳಲ್ಲಿ ಈ ವಿಷಯ ಹಳೆಯ ಕಾಲದ್ದೆಂದು ಮೂಲೆಗೆ ಸರಿಯುತ್ತಿರುವುದು ಸಂರಕ್ಷಣೆಗೆ ಆಗುತ್ತಿರುವ ದೊಡ್ಡ ಹಾನಿಯೆಂದೇ ನನ್ನ ಅಭಿಪ್ರಾಯ.

ಗುರುತು ಗಿಡವೊಂದನ್ನು ಹೇಗೆ ಉಳಿಸಬಲ್ಲದು ಎಂಬುದಕ್ಕೆ ಹಿಂದೂ ಮಹಾಸಾಗರದ ರೋಡ್ರಿಗಸ್ ದ್ವೀಪದ ಘಟನೆಯನ್ನು ನಾನು ಮತ್ತೆಮತ್ತೆ ನೆನೆಯುತ್ತೇನೆ. ಕಾಫಿಯ ಕುಟುಂಬಕ್ಕೆ ಸೇರಿದ, ಅಲ್ಲಿಯವರು ಕೆಫೆ ಮರೋನ್ ಎನ್ನುವ ಪೊದೆಗಿಡ ಪೂರ್ತಿ ನಶಿಸಿದೆಯೆಂದೇ ಎಲ್ಲರೂ ತಿಳಿದಿದ್ದರು. 1980ರಲ್ಲಿ ಶಿಕ್ಷಕರೊಬ್ಬರು ಶಾಲೆಯ ಮಕ್ಕಳಿಗೆ ದ್ವೀಪದ ಗಿಡಗಳ ಪರಿಚಯ ಮಾಡಿಕೊಡುತ್ತ ಇದರ ಹಳೆಯ ರೇಖಾಚಿತ್ರವನ್ನೂ ತೋರಿಸಿದರು. ಹುಡುಗನೊಬ್ಬ ಅದನ್ನು ಕಂಡಿರುವೆನೆಂದು ಹೇಳಿ ಒಂದು ಕೊಂಬೆಯನ್ನು ತಂದುಕೊಟ್ಟ. ಉಳಿದಿದ್ದದ್ದು ಅದೊಂದೇ ಗಿಡ. ಔಷಧಿಯೆಂದು ಜನ ಕೊಂಬೆ ಮುರಿದೊಯ್ಯದಂತೆ ಸುತ್ತ ಬೇಲಿ ಹಾಕಬೇಕಾಯಿತು. 1986ರಲ್ಲಿ ಲಂಡನ್ನಿನ ಕ್ಯೂ ಸಸ್ಯೋದ್ಯಾನಕ್ಕೆ ತುಂಡುಗಳನ್ನು ಕಳುಹಿಸಿದರು. ಅವು ಬೇರೂರಿ ಹೂಬಿಟ್ಟರೂ ವರ್ಷಗಟ್ಟಲೆ ಒಂದೂ ಬೀಜ ಕಟ್ಟಲಿಲ್ಲ. 2003ರಲ್ಲಿ ಕೊನೆಗೂ ಬೀಜ ಬಂತು, ಅದರಿಂದ ಬೆಳೆದ ಗಿಡಗಳು ದ್ವೀಪಕ್ಕೆ ಮರಳಿದವು. ಇಷ್ಟಕ್ಕೂ ಮೂಲ, ತರಗತಿಯಲ್ಲಿ ತೋರಿಸಿದ ಒಂದು ರೇಖಾಚಿತ್ರ.

ಗುರುತಿಸಲು ಕಲಿಯುವುದೆಂದರೆ ಹೊರಗಿನಿಂದ ಬಂದು ಆವರಿಸಿಕೊಂಡದ್ದನ್ನು ಗುರುತಿಸುವುದೂ ಹೌದು. ಉಷ್ಣವಲಯದ ಅಮೆರಿಕದಿಂದ ಹತ್ತೊಂಬತ್ತನೆಯ ಶತಮಾನದ ಆರಂಭದಲ್ಲಿ ತೋಟದ ಹೂಗಿಡವಾಗಿ ಭಾರತಕ್ಕೆ ಬಂದ ಲಂಟಾನ, ದೇಶದ ಹುಲಿ ನೆಲೆಗಳ ಶೇಕಡಾ 40ಕ್ಕೂ ಹೆಚ್ಚು ಭಾಗದಲ್ಲಿ ಹರಡಿದೆಯೆಂದು 2020ರ ಅಧ್ಯಯನವೊಂದು ಹೇಳಿತು. ಹಸಿರಾಗಿದೆ, ಹೂಬಿಟ್ಟಿದೆ, ಚಿಟ್ಟೆಗಳೂ ಬರುತ್ತವೆ ಎಂಬ ಕಾರಣಕ್ಕೆ ಅದನ್ನು ಕಾಡಿನ ಸಹಜ ಗಿಡವೆಂದು ತಿಳಿದವರು ಎಷ್ಟೋ ಮಂದಿ. ಎಲ್ಲ ಪರದೇಶಿ ಗಿಡಗಳೂ ಶತ್ರುಗಳೆಂದು ಇದರ ಅರ್ಥವಲ್ಲ; ಬಹುಪಾಲು ಗಿಡಗಳು ನೆಟ್ಟ ಜಾಗದಲ್ಲೇ ಉಳಿಯುತ್ತವೆ. ತಾವಾಗಿಯೇ ಹಬ್ಬಿ ಇತರ ಗಿಡಗಳಿಗೆ ಬೆಳಕನ್ನೂ ಜಾಗವನ್ನೂ ಬಿಡದ ಕೆಲವನ್ನು ಮಾತ್ರ ಹೆಸರು ಹಿಡಿದು ಪತ್ತೆಹಚ್ಚಬೇಕು.

ಇನ್ನು ಬೋಳುಗುಡ್ಡ, ಪಾಳುಭೂಮಿ ಎಂಬ ಮಾತುಗಳ ವಿಷಯ. ಮರವಿಲ್ಲದ ನೆಲವೆಲ್ಲ ಹಾಳಾದ ನೆಲ ಎಂಬ ಎಣಿಕೆಯಿಂದ ಸಸ್ಯಲೋಕಕ್ಕೆ ಬಹಳ ಕೆಡುಕಾಗಿದೆ. ಹುಲ್ಲುಗಾವಲು, ಜೌಗು, ಮುರಕಲ್ಲಿನ ಹಾಸು, ಮರಳುದಿಬ್ಬ ಇವೆಲ್ಲವೂ ತಮ್ಮದೇ ಆದ ಸಸ್ಯಗಳನ್ನು ಸಾವಿರಾರು ವರ್ಷಗಳಿಂದ ಸಾಕಿಕೊಂಡು ಬಂದ ನೆಲೆಗಳು. ಅಲ್ಲಿನ ಎಷ್ಟೋ ಗಿಡಗಳು ವರ್ಷದ ಹೆಚ್ಚಿನ ಭಾಗವನ್ನು ಗೆಡ್ಡೆಯಾಗಿಯೋ ಬೀಜವಾಗಿಯೋ ಮಣ್ಣಿನೊಳಗೇ ಕಳೆದು, ಮಳೆ ಬಿದ್ದ ಮೇಲೆ ಕೆಲವು ವಾರ ಮಾತ್ರ ಮೇಲೆ ಕಾಣಿಸಿಕೊಳ್ಳುತ್ತವೆ. ಬೇಸಗೆಯಲ್ಲಿ ಹೋಗಿ ನೋಡಿದವರಿಗೆ ಅಲ್ಲಿ ಏನೂ ಇಲ್ಲವೆಂದೇ ಅನಿಸುತ್ತದೆ. ಅಂಥ ಕಡೆ ಮರಗಳನ್ನು ತಂದು ನೆಟ್ಟು ನೆರಳು ಮಾಡಿದರೆ, ಬಿಸಿಲು ಬೇಡುವ ಆ ಸಣ್ಣ ಗಿಡಗಳು ಒಂದೊಂದಾಗಿ ಇಲ್ಲವಾಗುತ್ತವೆ. ಆದ್ದರಿಂದ ಯಾವುದೇ ಜಾಗದಲ್ಲಿ ಗುಂಡಿ ತೋಡುವ ಮೊದಲು ಕನಿಷ್ಠ ಒಂದು ವರ್ಷ, ಎಲ್ಲ ಋತುಗಳಲ್ಲೂ ಅಲ್ಲಿ ನಡೆದಾಡಿ ಪಟ್ಟಿ ಮಾಡಬೇಕೆಂದು ನಾನು ಒತ್ತಾಯಿಸುತ್ತೇನೆ. ಒಂದು ವರ್ಷ ಕಾಯಲಾಗದಷ್ಟು ಅವಸರ ಸಸಿ ನೆಡುವುದಕ್ಕೆ ಯಾವತ್ತೂ ಇರುವುದಿಲ್ಲ.

ಗಿಡವನ್ನು ಕಿತ್ತು ಬೇರೆಡೆ ನೆಟ್ಟರೆ ಆಯಿತಲ್ಲ, ಬೀಜ ಸಂಗ್ರಹಿಸಿಟ್ಟರೆ ಸಾಲದೇ ಎಂದು ಕೇಳುವವರಿದ್ದಾರೆ. ಬೀಜಬ್ಯಾಂಕ್ ಅಗತ್ಯವಾದ ವ್ಯವಸ್ಥೆ, ಅದರಲ್ಲಿ ಸಂಶಯವಿಲ್ಲ. ತೇವಾಂಶ ಕಳೆದು ಒಣಗಿಸಿ, ಸೊನ್ನೆಗಿಂತ 20 ಡಿಗ್ರಿ ಸೆಲ್ಸಿಯಸ್ ಕೆಳಗಿನ ತಂಪಿನಲ್ಲಿಟ್ಟರೆ ಬಹಳಷ್ಟು ಗಿಡಗಳ ಬೀಜ ದಶಕಗಳ ಕಾಲ ಜೀವ ಹಿಡಿದಿರುತ್ತದೆ. ಆದರೆ ಮಳೆಕಾಡಿನ ಅನೇಕ ಮರಗಳ ಬೀಜಗಳು ಒಣಗಿದರೇ ಸಾಯುತ್ತವೆ, ಅವುಗಳಿಗೆ ಕಾಡಿನ ನೆಲವೇ ಬ್ಯಾಂಕು. ಆರ್ಕಿಡ್‌ಗಳ ಧೂಳಿನಂಥ ಬೀಜದಲ್ಲಿ ಮೊಳಕೆಗೆ ಬೇಕಾದ ಆಹಾರವೇ ಇರುವುದಿಲ್ಲ. ಮಣ್ಣಿನ ಅಥವಾ ತೊಗಟೆಯ ನಿರ್ದಿಷ್ಟ ಶಿಲೀಂಧ್ರ ಜೊತೆಗೂಡಿದರಷ್ಟೇ ನಿಸರ್ಗದಲ್ಲಿ ಅದು ಮೊಳೆಯುತ್ತದೆ. ಕಾಡಿನಿಂದ ಕಿತ್ತು ತಂದ ನೆಲದ ಆರ್ಕಿಡ್ ಕುಂಡದಲ್ಲಿ ಒಂದೆರಡು ವರ್ಷದಲ್ಲಿ ಸೊರಗುವುದಕ್ಕೆ ಒಂದು ಮುಖ್ಯ ಕಾರಣ ಈ ನಂಟು ಕಡಿದುಹೋಗುವುದೇ. ಬೀಜ ಸಂಗ್ರಹಿಸುವವರು ಪಾಲಿಸುವ ಒಂದು ನಿಯಮ ನನಗೆ ಬಹಳ ಹಿಡಿಸಿದೆ. ಅಂದು ಮಾಗಿರುವ ಬೀಜದಲ್ಲಿ ಶೇಕಡಾ 20ಕ್ಕಿಂತ ಹೆಚ್ಚು ತೆಗೆಯಬಾರದು, ಉಳಿದದ್ದು ಆ ನೆಲಕ್ಕೆ ಸೇರಿದ್ದು.

ಕೊನೆಯದಾಗಿ ಅಂತರ್ಜಾಲದಲ್ಲಿ ಬರೆಯುವವರೆಲ್ಲರಲ್ಲಿ ಒಂದು ವಿನಂತಿ. ಅಪರೂಪದ ಗಿಡ ಕಂಡ ಸಂತೋಷದಲ್ಲಿ ಅದು ಇರುವ ಜಾಗವನ್ನು ನಕ್ಷೆಯಸಹಿತ ಹಾಕಬೇಡಿ. ವಿಯೆಟ್ನಾಮಿನಲ್ಲಿ ಪ್ಯಾಫಿಯೊಪೆಡಿಲಂ ವಿಯೆಟ್ನಾಮೆನ್ಸ್ ಎಂಬ ಆರ್ಕಿಡ್ ವಿಜ್ಞಾನಕ್ಕೆ ಪರಿಚಯವಾದದ್ದು 1999ರಲ್ಲಿ. ಕೆಲವೇ ವರ್ಷಗಳಲ್ಲಿ ಸಂಗ್ರಹಕಾರರ ಬೇಡಿಕೆಯಿಂದಾಗಿ ಕಾಡಿನಲ್ಲಿ ಅದು ಕಾಣಸಿಗುವುದೇ ದುರ್ಲಭವಾಯಿತು. ಅಪಾಯದಲ್ಲಿರುವ ಪ್ರಭೇದಗಳ ನಿಖರ ಸ್ಥಳವನ್ನು ಜನ ತಾವು ಕಂಡ ಜೀವಿಗಳನ್ನು ದಾಖಲಿಸುವ ಐನ್ಯಾಚುರಲಿಸ್ಟ್‌ನಂಥ ವೇದಿಕೆಗಳು ತಾವಾಗಿಯೇ ಮರೆಮಾಡುತ್ತವೆ. ನಾವು ಬರೆದು ಹಾಕುವ ಪುಟಗಳಲ್ಲಿ ಆ ರಕ್ಷಣೆಯಿಲ್ಲ, ಆದ್ದರಿಂದ ಆ ಎಚ್ಚರವನ್ನು ನಾವೇ ವಹಿಸಬೇಕು. ಚಿತ್ರ ಹಾಕಿ, ಗುಣಲಕ್ಷಣ ಬರೆಯಿರಿ, ಜಾಗದ ಹೆಸರನ್ನು ಮಾತ್ರ ನಿಮ್ಮಲ್ಲೇ ಇಟ್ಟುಕೊಳ್ಳಿ.

ನಾವು ಸಸಿ ನೆಟ್ಟಿದ್ದ ಆ ಗುಡ್ಡಕ್ಕೆ ಕಳೆದ ಮೂರು ಮಳೆಗಾಲಗಳಿಂದ ಹೋಗುತ್ತಿದ್ದೇನೆ. ನೆಟ್ಟ ಸಸಿಗಳಲ್ಲಿ ಹೆಚ್ಚಿನವು ಬದುಕಲಿಲ್ಲ. ಯಂತ್ರ ಹತ್ತಲಾಗದ ಕಲ್ಲಿನ ಅಂಚಿನಲ್ಲಿ, ನಾಲ್ಕು ಹೆಜ್ಜೆ ಅಗಲದ ಹುಲ್ಲಿನ ಪಟ್ಟಿಯೊಂದು ಹಾಗೇ ಉಳಿದುಕೊಂಡಿದೆ. ಈವರೆಗೆ ಅಲ್ಲಿ 63 ಬಗೆಯ ಗಿಡಗಳನ್ನು ಪಟ್ಟಿ ಮಾಡಿದ್ದೇನೆ, ಅವುಗಳಲ್ಲಿ 41ಕ್ಕೆ ಹೆಸರು ಸಿಕ್ಕಿದೆ. ಹ್ಯಾಬೆನೇರಿಯಾ ಇದೆ. ಡ್ರೊಸೆರಾ ಇನ್ನೂ ಕಂಡಿಲ್ಲ. ನೀಲಿ ಹೂವನ್ನು ಹುಡುಕುತ್ತಿದ್ದೇನೆ.