ಆ ಪೆನ್‌ಡ್ರೈವ್ ಈಗ ಯಾರ ಜೇಬಲ್ಲಿದೆ?

ಕೋಲಾರದ ಟೊಮೆಟೊ ಮಂಡಿಯೊಂದರ ಲೆಕ್ಕದ ಕಂಪ್ಯೂಟರಿಗೆ ಮೊನ್ನೆ ರ್ಯಾನ್ಸಮ್‌ವೇರ್ ಬಡಿದಿತ್ತು, ಫೈಲುಗಳಿಗೆ ಬೀಗ ಜಡಿದು ದುಡ್ಡು ಕೇಳೋ ಕಳ್ಳ ಪ್ರೋಗ್ರಾಮು. ರಿಪೇರಿಗೆ ಬಂದ ಹುಡುಗ ಚುರುಕು. ಆಫ್ ಮಾಡಲಿಲ್ಲ, ಮೊದಲು ಮೆಮೊರಿ ಡಂಪ್ ತೆಗೆದ, ಅಂದ್ರೆ ಆಫ್ ಆದ್ರೆ ಅಳಿಸಿಹೋಗೋ ಮೆಮೊರೀಲಿ (ರ್ಯಾಮ್) ಇದ್ದದ್ದೆಲ್ಲದರ ನಕಲು. ಭೇಷ್! ಆಮೇಲೆ ಪೆನ್‌ಡ್ರೈವ್ ಜೇಬಿಗಿಳಿಸಿ "ಮನೇಲಿ ಕೂತು ಕೀ ಹುಡುಕ್ತೀನಿ ಅಣ್ಣಾ" ಅಂತ ಹೊರಟೇಬಿಟ್ಟ. ಕೀ ಅಂದ್ರೆ ಆ ಬೀಗ ತೆಗೆಯೋ ಗುಪ್ತ ಸಂಖ್ಯೆ. ಯಜಮಾನರು ಕಾಫಿ ಕುಡಿಸಿ ಕಳಿಸಿದರು. ನನಗೆ ಮೈ ಉರೀತು.

16 ಜಿಬಿ ರ್ಯಾಮ್ ಅಂದ್ರೆ ಡಂಪೂ ಹತ್ತಿರಹತ್ತಿರ ಅಷ್ಟೇ. ಅದರಲ್ಲಿ ಫೈಲಿಗೆ ಬೀಗ ಹಾಕೋ ಎಇಎಸ್-256 ವಿಧಾನದ ಕೀ ಎಷ್ಟು? 32 ಬೈಟು. ಅದರಿಂದ ಹುಟ್ಟೋ ರೌಂಡ್ ಕೀಗಳು (ಬೀಗದ ಒಂದೊಂದು ಸುತ್ತಿಗೆ ಒಂದೊಂದು) ಸೇರಿದ್ರೆ 240. ಕೀ ಹುಡುಕೋ ಟೂಲು ಅದರ ಗುರುತು ಹಿಡಿಯೋದು ಈ 240 ಬೈಟುಗಳ ಒಳಲೆಕ್ಕ ತಾಳೆಯಾದಾಗ. ಉಳಿದದ್ದು? ತೆರೆದಿದ್ದ ಬ್ಯಾಂಕ್ ಪುಟ, ಲಾಗಿನ್ ಕುಕಿ, ವಾಟ್ಸ್ಆ್ಯಪ್ ವೆಬ್ಬಿನ ಮಾತು, ಮಾಲು ತಂದ ರೈತರ ಖಾತೆ ನಂಬರು. ಬೀಗದ ಕೈ ಹುಡುಕೋಕೆ ಬಂದವನು ಬೀರುವನ್ನೇ ಹೊತ್ಕೊಂಡು ಹೋದ ಹಾಗಾಯ್ತು.

"ಅವಸರದ ಕೆಲಸ ಸಾರ್, ರ್ಯಾಮ್‌ನಲ್ಲಿರೋ ಕೀ ಕಾಯಲ್ಲ" ಅಂತೀರಿ, ರಿಪೇರಿ ಮಾಡೋರು. ನಿಜವೇ. 2017ರ ವಾನಾಕ್ರೈ ಅನ್ನೋ ರ್ಯಾನ್ಸಮ್‌ವೇರ್ ದಾಳೀಲಿ ಎಕ್ಸ್‌ಪಿ, ವಿಂಡೋಸ್ 7 ಯಂತ್ರಗಳ ಮೆಮೊರೀಲಿ ಆರ್‌ಎಸ್‌ಎ (ಇನ್ನೊಂದು ಬಗೆಯ ಬೀಗ) ಕೀ ಕಟ್ಟೋಕೆ ಬಳಸಿದ ಅವಿಭಾಜ್ಯ ಸಂಖ್ಯೆಗಳು ಕೆಲವು ಸಲ ಉಳಿದಿರ್ತಿದ್ವು, ವಾನಾಕಿವಿ ಅನ್ನೋ ಟೂಲು ಅವನ್ನ ಹೆಕ್ಕಿ ಕೊಡ್ತಿತ್ತು. ರೀಸ್ಟಾರ್ಟ್ ಮಾಡಿದ್ರೆ ಮುಗೀತು. ಆದ್ರೆ ಅವಸರ ಡಂಪ್ ತೆಗೆಯೋದಕ್ಕೆ, ಮನೆಗೆ ಒಯ್ಯೋದಕ್ಕಲ್ಲ!

ಎರಡು ಸಾಲಿನ ಒಪ್ಪಿಗೆ ಬರೆಸೋಕೆ ಎಷ್ಟು ಹೊತ್ತು ಬೇಕು? ಯಾವ ಯಂತ್ರ, ಯಾಕೆ, ಯಾವತ್ತು ಅಳಿಸ್ತೀನಿ. ಮಾಲೀಕರ ಅನುಮತಿ ಇಲ್ಲದೆ ಡೇಟಾ ನಕಲು ಮಾಡಿದ್ರೆ ಐಟಿ ಕಾಯ್ದೆ, 2000ರ 43ನೇ ಸೆಕ್ಷನ್ ಇದೆ. ಡಂಪ್ ತೆಗೆಯೋ ಮೊದಲು ನೆಟ್ ಕೇಬಲ್ ಕಿತ್ತು, ವೈಫೈ ಆಫ್ ಮಾಡಿ. ಬ್ರೌಸರ್ ತೆರೀಬೇಡಿ; ಹೊಸದಾಗಿ ತೆರೆದ ಪ್ರತಿ ಪ್ರೋಗ್ರಾಮೂ ಕೀ ಇದ್ದ ಜಾಗ ನುಂಗಬಹುದು. ಡಂಪ್ ಸಿ ಡ್ರೈವಿಗೆ ಬೇಡ, ಅಳಿಸಿಹೋದ್ರೂ ಮರಳಿ ಸಿಗಬಹುದಾದ ಮೂಲ ಫೈಲುಗಳ ಮೇಲೇ ಕೂತುಬಿಡುತ್ತೆ. ರ್ಯಾಮ್‌ಗಿಂತ ದೊಡ್ಡ ಹೊರಗಿನ ಡ್ರೈವ್ ಇರಲಿ, ಅದರ ಫಾರ್ಮ್ಯಾಟ್ ಎಕ್ಸ್‌ಫ್ಯಾಟ್ ಅಥವಾ ಎನ್‌ಟಿಎಫ್‌ಎಸ್. ಫ್ಯಾಟ್32 ಆದ್ರೆ ಒಂದು ಫೈಲು 4 ಜಿಬಿಗೇ ನಿಂತು ಮುಖ ನೋಡುತ್ತೆ.

ಆ ಡ್ರೈವಿಗೆ ಮೊದಲೇ ಬಿಟ್‌ಲಾಕರೋ ವೆರಾಕ್ರಿಪ್ಟೋ ಹಾಕಿ ಪಾಸ್‌ವರ್ಡಿನ ಬೀಗ ಜಡಿದಿರಬೇಕು. ಪೆನ್‌ಡ್ರೈವಿನಲ್ಲಿ ಡಿಲೀಟ್ ಒತ್ತಿದ ಮಾತ್ರಕ್ಕೆ ಏನೂ ಅಳಿಸಿಹೋಗಲ್ಲ. ಡಂಪ್ ಮುಗಿದ ಕೂಡಲೇ ಎಸ್‌ಎಚ್‌ಎ-256 ಹ್ಯಾಶ್ (ಫೈಲಿನ ಬೆರಳಚ್ಚಿನಂಥ ಸಂಖ್ಯೆ, ಒಂದಕ್ಷರ ಬದಲಾದ್ರೂ ಬೇರೆಯಾಗುತ್ತೆ) ತೆಗೆದು ಒಪ್ಪಿಗೆ ಚೀಟಿ ಮೇಲೇ ಬರೀರಿ, ಟೂಲು ಓಡಿಸೋದು ನಕಲಿನ ಮೇಲೆ. ನಾಳೆ ಕೇಸಾದ್ರೆ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್ನಿನ ಡಿಜಿಟಲ್ ಸಾಕ್ಷ್ಯದ ಪ್ರಮಾಣಪತ್ರಕ್ಕೆ ಆ ಹ್ಯಾಶೇ ಬೇಕು.

ಇನ್ನೊಂದು, ಸಿಕ್ಕೇ ಸಿಗುತ್ತೆ ಅಂತ ಮಾತು ಕೊಡಬೇಡಿ. ಕೆಲಸ ಮುಗಿದ ಕೂಡಲೇ ಕೀ ಒರೆಸಿ ಹೋಗೋ ರ್ಯಾನ್ಸಮ್‌ವೇರ್ ಬೇಕಾದಷ್ಟಿವೆ. ಕೀ ಸಿಕ್ಕ ಖುಷಿ ಏನು ಅಂತ ನನಗೂ ಗೊತ್ತು ಮಾರಾಯ್ರೇ. ಡಂಪ್ ಅಳಿಸೋದು ಮರೆತುಹೋಗೋದೂ ಆ ಖುಷೀಲೇ.

ಯಜಮಾನರಿಗೆ ಫೋನ್ ಮಾಡಿದ್ದೆ. "ಹುಡುಗ ಒಳ್ಳೆಯವನು ಬಿಡಿ" ಅಂದ್ರು. ಒಳ್ಳೆಯವನೇ ಇರಬಹುದು. ಪೆನ್‌ಡ್ರೈವ್ ಎಲ್ಲಿದೆ ಸ್ವಾಮಿ?