ಕಾಣುವ ಭಾಗವತರು, ಕಾಣದ ಅಮೀರಬಾಯಿ

ಮುಂಬಯಿಯ ಮಾಟುಂಗಕ್ಕೆ ಬಂದು ಇಪ್ಪತ್ತಾರು ವರ್ಷವಾದರೂ ಯಕ್ಷಗಾನದ ಆಟ ಇದೆಯೆಂದರೆ ಸಾಕು, ಊರಿಗೆ ಟಿಕೆಟ್ ತೆಗೆಯುತ್ತೇನೆ. ಹೋದ ವರ್ಷ ನಮ್ಮ ಮನೆಯ ಹರಕೆಗೆಂದು ಮಂದಾರ್ತಿ ಮೇಳ ಉಡುಪಿ ಹತ್ತಿರದ ನಮ್ಮ ಗದ್ದೆಗೆ ಬಂದಿತ್ತು. ಜೊತೆಗೆ ಬಂದಿದ್ದ ಮರಾಠಿ ನೆರೆಯವರು ಮೊದಲ ಪದ್ಯಕ್ಕೇ ಕೇಳಿದರು: "ಹಾಡುವವರನ್ನು ಪರದೆಯ ಹಿಂದೆ ಕೂರಿಸುವುದಿಲ್ಲವೇ?"

ನಗು ಬಂತು. ಹಾಡು ಒಬ್ಬರದು, ಕುಣಿತ ಇನ್ನೊಬ್ಬರದು ಎಂಬುದನ್ನು ಕರಾವಳಿಯವರಿಗೆ ಸಿನಿಮಾ ಬಂದು ಕಲಿಸಬೇಕಾಗಿರಲಿಲ್ಲ. ವೇಷಧಾರಿ ಅರ್ಥ, ಅಂದರೆ ಮಾತು, ಹೇಳುತ್ತಾನೆ; ಪದ್ಯ ಹಾಡುವವರು ಭಾಗವತರು. ಆದರೆ ಅವರು ಮುಂಡಾಸು ಸುತ್ತಿ ಸಭೆಗೆ ಕಾಣುವಂತೆ ಕುಳಿತಿರುತ್ತಾರೆ. ವೇಷವನ್ನು ಕುಣಿಸುವವರೂ ನಿಲ್ಲಿಸುವವರೂ ಅವರೇ. ಭಾಗವತ ಕಾಳಿಂಗ ನಾವಡರು ತೀರಿಕೊಂಡದ್ದು 1990ರಲ್ಲಿ. ಇಂದಿಗೂ ನಮ್ಮ ಕಡೆ ಅವರ ಪದ್ಯ ಹಾಕಿದರೆ ಮಾತು ನಿಲ್ಲುತ್ತದೆ.

ಮುಂಬಯಿಯ ರೀತಿಯೇ ಬೇರೆ. ಬೀಳಗಿಯ ಹೆಣ್ಣುಮಗಳು ಅಮೀರಬಾಯಿ ಕರ್ನಾಟಕಿ ಅಲ್ಲಿ ಸಿನಿಮಾಕ್ಕೆ ಸೇರಿದ್ದು ಮೂವತ್ತರ ದಶಕದಲ್ಲಿ, ನಟಿಯರು ತಮ್ಮ ಹಾಡನ್ನು ತಾವೇ ಹಾಡುತ್ತಿದ್ದ ಕಾಲದಲ್ಲಿ. ನಟಿಸಿದರು, ಹಾಡಿದರು. 1940ರ ‘ನರಸಿ ಭಗತ್’ ಚಿತ್ರದ ‘ವೈಷ್ಣವ ಜನ ತೋ’ ಅವರ ಕಂಠದ್ದು. 1943ರ ‘ಕಿಸ್ಮತ್’ ಹೊತ್ತಿಗೆ ಗಾಳಿ ತಿರುಗಿತ್ತು: ಪರದೆಯ ಮೇಲೆ ಮುಮ್ತಾಜ್ ಶಾಂತಿ, ಕಂಠ ಮಾತ್ರ ಅಮೀರಬಾಯಿಯದು. ಆ ಚಿತ್ರ ಕಲ್ಕತ್ತೆಯ ಒಂದೇ ಚಿತ್ರಮಂದಿರದಲ್ಲಿ ಮೂರು ವರ್ಷಕ್ಕೂ ಮಿಕ್ಕಿ ಓಡಿತು. ಹಾಡಿದವರ ಮುಖ ಎಷ್ಟು ಜನ ನೋಡಿದರೋ! 1949ರ ‘ಮಹಲ್’ ಚಿತ್ರದ ಗ್ರಾಮಫೋನ್ ತಟ್ಟೆಯ ಮೇಲಂತೂ ಲತಾ ಮಂಗೇಶ್ಕರರ ಬದಲು ಕಥಾನಾಯಕಿ ‘ಕಾಮಿನಿ’ಯ ಹೆಸರು ಅಚ್ಚಾಗಿತ್ತು. ಇಲ್ಲದ ಹೆಣ್ಣಿಗೆ ಹೆಸರು, ಹಾಡಿದವಳಿಗೆ ಇಲ್ಲ. ಲತಾ ಹಟ ಹಿಡಿದು ಹೆಸರು ಉಳಿಸಿಕೊಂಡರು. ಹೊಸ ಕಂಠಗಳ ಆ ಭರಾಟೆಯಲ್ಲಿ ಅಮೀರಬಾಯಿ ಹಿಂದೆ ಸರಿದರು. 1965ರಲ್ಲಿ ತೀರಿಕೊಂಡರು. ನಮ್ಮ ಹೊರನಾಡ ಸಂಘಗಳು ರಾಜ್ಯೋತ್ಸವದ ವೇದಿಕೆಯಲ್ಲಿ ನೆನೆಯುವ ಹೆಸರುಗಳಲ್ಲಿ ಅವರದನ್ನು ನಾನಂತೂ ಕೇಳಿಲ್ಲ.

ಇಷ್ಟನ್ನೂ ನೆರೆಯವರಿಗೆ ಜಂಬದಿಂದಲೇ ಹೇಳಿದೆ. ಅವರು ಸುಮ್ಮನೆ ಕೇಳಿಸಿಕೊಂಡು, "ನಿಮ್ಮಲ್ಲಿ ಆ ಜಾಗದಲ್ಲಿ ಹೆಂಗಸರು ಕೂರುತ್ತಾರೆಯೇ?" ಎಂದರು.

ಲೀಲಾವತಿ ಬೈಪಾಡಿತ್ತಾಯರ ಹೆಸರು ಹೇಳಿದೆ. ಯಕ್ಷಗಾನದ ದಕ್ಷಿಣದ ಶೈಲಿಯಾದ ತೆಂಕುತಿಟ್ಟಿನ ಮೇಳಗಳಲ್ಲಿ ತಿರುಗಾಟ ಮಾಡಿದ ಮೊದಲ ವೃತ್ತಿಪರ ಭಾಗವತೆ. ಎರಡನೆಯ ಹೆಸರಿಗೆ ತಡವರಿಸಿದೆ. ಲೀಲಾವತಿಯವರು ಹುಟ್ಟಿದ್ದೇ 1947ರಲ್ಲಿ. ಅಷ್ಟರೊಳಗೆ ಅಮೀರಬಾಯಿ ಮುಂಬಯಿಯಲ್ಲಿ ಹೆಸರು ಮಾಡಿ ಆಗಿತ್ತು. ಮುಖ ಮುಚ್ಚಿದ ಮುಂಬಯಿ, ಕಂಠಕ್ಕಾದರೂ ಕೂಲಿ ಕೊಟ್ಟಿತ್ತು. ಎದುರಿಗೆ ಕೂರಿಸುವ ನಾವು ಯಾರನ್ನು ಕೂರಿಸಿದೆವು?

ಮತ್ತೆ ಚೆಂಡೆ ಎದ್ದಿತು, ಮಾತು ಅಲ್ಲಿಗೆ ನಿಂತಿತು. ನಮ್ಮ ದೊಡ್ಡಮ್ಮನಿಗೆ ಆ ಪ್ರಸಂಗದ ಪದ್ಯಗಳೆಲ್ಲ ಬಾಯಿಪಾಠ. ಚಳಿಗೆ ತಲೆತುಂಬ ಶಾಲು ಹೊದ್ದು ಹಿಂದಿನ ಸಾಲಿನಲ್ಲಿ ಕುಳಿತು, ಪ್ರತಿ ಪದ್ಯವನ್ನೂ ಭಾಗವತರು ಎತ್ತುವ ಮೊದಲೇ ಗುನುಗುತ್ತಿದ್ದರು.