ನಾಲ್ಕು ಕೆಲಸ ಮಾಡಿದವರಿಗೆ ‘ಸಹಾಯ’ ಅನ್ನುವ ಒಂದೇ ಸಾಲೇ?

ಕಡಿಮೆ ಬಜೆಟ್ಟಿನ ಸೈನ್ಸ್ ಫಿಕ್ಷನ್ ಸಿನಿಮಾ ಚೆನ್ನಾಗಿ ಬಂದರೆ ನಿರ್ದೇಶಕರ ಕಲ್ಪನೆಯನ್ನು ಹೊಗಳುತ್ತೇವೆ. ಆದರೆ ಬೆಳಿಗ್ಗೆ ಸೆಟ್ಟಿಗೆ ಬಣ್ಣ ಹೊಡೆದು, ಮಧ್ಯಾಹ್ನ ಲೈಟ್ ಇಟ್ಟು, ರಾತ್ರಿ ಎಡಿಟಿಂಗ್‌ಗೆ ಕೂರುವವರು ಇಲ್ಲದಿದ್ದರೆ ಆ ಸಿನಿಮಾ ಮುಗಿಯುವುದೇ ಇಲ್ಲ. ಟೈಟಲ್ ಕಾರ್ಡಿನಲ್ಲಿ ಅವರನ್ನು ‘ಸಹಾಯ’ದ ಪಟ್ಟಿಗೆ ಸೇರಿಸುವುದು ಅನ್ಯಾಯ.

ಸೆಟ್ಟಿನಲ್ಲಿ ಕಟ್ಟುವ ಬಾಹ್ಯಾಕಾಶ ನೌಕೆಯೊಳಗಿನ ಒಂದು ಗೋಡೆಯನ್ನೇ ನೋಡಿ. ಥರ್ಮಾಕೋಲ್ ಮೇಲೆ ನೇರವಾಗಿ ಸ್ಪ್ರೇ ಪೇಂಟ್ ಹೊಡೆದರೆ ಅದರಲ್ಲಿರುವ ದ್ರಾವಕ ಥರ್ಮಾಕೋಲನ್ನೇ ಕರಗಿಸಿ ಗುಳಿ ಬೀಳಿಸುತ್ತದೆ. ಮೊದಲು ನೀರು ಬೆರೆಸಿದ ಬಿಳಿ ಅಂಟನ್ನು ಎರಡು ಸಲ ಬಳಿಯಬೇಕು. ಪೂರ್ತಿ ಒಣಗಿದ ಮೇಲೆ ಪ್ಯಾಕಿಂಗ್ ಟ್ರೇ, ಹಳೆ ಕೀಬೋರ್ಡಿನ ತುಂಡು, ಮಾಡೆಲ್ ಕಿಟ್ಟಿನ ಭಾಗ ಅಂಟಿಸಿ, ಎಲ್ಲದರ ಮೇಲೂ ವಾಟರ್ ಬೇಸ್ ಮ್ಯಾಟ್ ಬೂದು ಬಣ್ಣ. ಆಮೇಲೆ ತೆಳು ಮಾಡಿದ ಕಪ್ಪು ಹಚ್ಚಿ ಒರೆಸಿದರೆ ಸಂದುಗಳಲ್ಲಿ ಮಾತ್ರ ಕಪ್ಪು ನಿಲ್ಲುತ್ತದೆ. ಉಬ್ಬಿದ ಅಂಚುಗಳಿಗೆ ಒಣ ಬ್ರಷ್‌ನಲ್ಲಿ ತಿಳಿ ಬೂದು ಸವರಿದರೆ ಲೋಹದ ತೂಕ ಬರುತ್ತದೆ. ಹೊಳಪಿನ ಬಣ್ಣ ಮಾತ್ರ ಬೇಡವೇ ಬೇಡ, ಲೈಟ್ ಬಿದ್ದ ಕೂಡಲೇ ಪ್ಲಾಸ್ಟಿಕ್ ಎಂದು ಬಯಲಾಗುತ್ತದೆ.

ಮಿನಿಯೇಚರ್, ಅಂದರೆ ದೊಡ್ಡದಾಗಿ ಕಾಣಿಸಬೇಕಾದ ಪುಟ್ಟ ಮಾಡೆಲ್‌ಗಳ ವಿಷಯದಲ್ಲಿ ಲೆಕ್ಕ ಇನ್ನೂ ಬಿಗಿ. ಅವು ಬೀಳುವಾಗ ಆಟಿಕೆಯಂತೆ ಕಾಣದಿರಲು ಹೆಚ್ಚು ವೇಗದಲ್ಲಿ ಶೂಟ್ ಮಾಡಿ ನಿಧಾನವಾಗಿ ತೋರಿಸಬೇಕು. ಮಾಡೆಲ್ ಎಷ್ಟು ಪಟ್ಟು ಚಿಕ್ಕದೋ ಅದರ ವರ್ಗಮೂಲದಿಂದ ಸಿನಿಮಾದ ಮಾಮೂಲಿ 24 ಫ್ರೇಮನ್ನು ಗುಣಿಸಿದರೆ ಬೇಕಾದ ಫ್ರೇಮ್ ರೇಟ್ (ಸೆಕೆಂಡಿಗೆ ತೆಗೆಯುವ ಚಿತ್ರಗಳ ಸಂಖ್ಯೆ) ಸಿಗುತ್ತದೆ. 16ರಲ್ಲಿ ಒಂದು ಪಾಲಿನ ಮಾಡೆಲ್‌ಗೆ 96 ಫ್ರೇಮ್. ಆಗ ನಾಲ್ಕು ಪಟ್ಟು ಬೆಳಕು ಬೇಕು. ಹಿಂದೆ ಮುಂದೆ ಎಲ್ಲವೂ ಫೋಕಸ್‌ನಲ್ಲಿರಲು ಅಪರ್ಚರ್ (ಲೆನ್ಸಿನಲ್ಲಿ ಬೆಳಕು ಬರುವ ಕಿಂಡಿ) ಕಿರಿದು ಮಾಡಿದರೆ ಅದೂ ಸಾಲದು. ಮೇಲಾಗಿ ಈ ವೇಗದಲ್ಲಿ ಅಗ್ಗದ ಎಲ್‌ಇಡಿಗಳು ಪಟ್ಟೆ ಪಟ್ಟೆಯಾಗಿ ಮಿನುಗುತ್ತವೆ. ಕ್ಯಾಮೆರಾ 60 ಫ್ರೇಮಿಗೇ ನಿಲ್ಲುವಂಥದ್ದಾದರೆ, ಬೀಳುವ, ಸಿಡಿಯುವ ದೃಶ್ಯಕ್ಕೆ ಆರರಲ್ಲಿ ಒಂದು ಪಾಲಿಗಿಂತ ಚಿಕ್ಕ ಮಾಡೆಲ್ ಕಟ್ಟಿ ಪ್ರಯೋಜನವಿಲ್ಲ. ಸುಮ್ಮನೆ ತೇಲುವ ನೌಕೆಗೆ ಈ ಕಟ್ಟುಪಾಡಿಲ್ಲ. ಕ್ಯಾಮೆರಾ ಗೊತ್ತಿರುವವರು ಮಾಡೆಲ್ ಕಟ್ಟಿದರೆ ಇದು ಮೊದಲ ದಿನವೇ ತಲೆಗೆ ಬರುತ್ತದೆ. ಇಲ್ಲದಿದ್ದರೆ ಎತ್ತು ಏರಿಗೆ, ಕೋಣ ನೀರಿಗೆ.

ವೇಷಭೂಷಣದವರು ಮಿರಮಿರ ಮಿಂಚುವ ಸೂಟ್ ಹೊಲಿಸಿರುತ್ತಾರೆ, ನಟನ ಹಿಂದೆ ಕಟ್ಟುವ ಹಸಿರು ಪರದೆಯಾದ ಗ್ರೀನ್ ಮ್ಯಾಟ್‌ನ ಹಸಿರೆಲ್ಲ ಅದರಲ್ಲಿ ಪ್ರತಿಫಲಿಸುತ್ತದೆ. ಕೀ ಮಾಡುವಾಗ, ಅಂದರೆ ಕಂಪ್ಯೂಟರಿನಲ್ಲಿ ಹಸಿರನ್ನು ತೆಗೆಯುವಾಗ, ನಟನ ತೋಳೇ ಮಾಯ. ಕಾಂಪೋಸಿಟಿಂಗ್ (ಬೇರೆ ಬೇರೆ ಚಿತ್ರಗಳನ್ನು ಒಂದೇ ಶಾಟ್ ಆಗಿ ಜೋಡಿಸುವ ಕೆಲಸ) ಗೊತ್ತಿರುವವರಾದರೆ ಬಟ್ಟೆ ಆರಿಸುವಾಗಲೇ ತಡೆಯುತ್ತಾರೆ, ನಟನನ್ನು ಪರದೆಯಿಂದ ಕನಿಷ್ಠ ಆರೆಂಟು ಅಡಿ ಮುಂದೆ ನಿಲ್ಲಿಸುತ್ತಾರೆ.

ಹೀಗೆ ಹಲವು ಕೆಲಸ ಮಾಡಿದವರು ಹೊಸಬರೇನಲ್ಲ. 1974ರ ಕಡಿಮೆ ಬಜೆಟ್ಟಿನ ಅಮೆರಿಕನ್ ಸೈನ್ಸ್ ಫಿಕ್ಷನ್ ಸಿನಿಮಾ ‘ಡಾರ್ಕ್ ಸ್ಟಾರ್’ಗೆ ಡ್ಯಾನ್ ಓಬ್ಯಾನನ್ ಚಿತ್ರಕಥೆಯಲ್ಲಿ ಪಾಲುದಾರ, ನಟ, ಎಡಿಟರ್, ಎಫೆಕ್ಟ್ಸ್ ಎಲ್ಲವೂ ಆಗಿದ್ದರು. ‘ಟೈಟಾನಿಕ್’ ನಿರ್ದೇಶಕ ಜೇಮ್ಸ್ ಕ್ಯಾಮರಾನ್ 1980ರ ಸುಮಾರಿಗೆ ಕಡಿಮೆ ಬಜೆಟ್ಟಿನ ಸಿನಿಮಾಗಳ ನಿರ್ಮಾಪಕ ರೋಜರ್ ಕಾರ್ಮನ್ ಕಂಪನಿಯಲ್ಲಿ ಮಾಡೆಲ್ ಕಟ್ಟುತ್ತಾ ಶುರುಮಾಡಿ ಕಲಾ ನಿರ್ದೇಶನ, ಸೆಕೆಂಡ್ ಯೂನಿಟ್ (ಮುಖ್ಯ ತಂಡದ ಜೊತೆಗೆ ಬೇರೆ ಶಾಟ್‌ಗಳನ್ನು ತೆಗೆಯುವ ಎರಡನೇ ತಂಡ) ನಿರ್ದೇಶನಕ್ಕೆ ಬಂದರು.

ಎಲ್ಲವನ್ನೂ ಒಬ್ಬರ ತಲೆಗೇ ಕಟ್ಟಬೇಕು ಅಂತಲ್ಲ. ಬೆಂಕಿ, ಹೊಗೆ, ಕರೆಂಟು ಇರುವ ದೃಶ್ಯದಲ್ಲಿ ಅದನ್ನು ನೋಡಿಕೊಳ್ಳುವವರ ಕೈಯಲ್ಲಿ ಬೇರೆ ಕೆಲಸ ಇರಲೇಬಾರದು. ಸೌಂಡ್ ರೆಕಾರ್ಡ್ ಮಾಡುವವರಿಗೂ ಅಷ್ಟೇ.

ನಿರ್ಮಾಪಕರಲ್ಲಿ ಕೇಳುವುದಿಷ್ಟು: ಮಾಡೆಲ್, ಲೈಟಿಂಗ್, ಕಾಂಪೋಸಿಟಿಂಗ್ ಮೂರೂ ಮಾಡಿದವರ ಹೆಸರನ್ನು ಮೂರು ಕಡೆಯೂ ಹಾಕಿ, ಸಂಭಾವನೆಯನ್ನೂ ಹಾಗೆಯೇ ಲೆಕ್ಕ ಹಾಕಿ, ಶೂಟಿಂಗ್‌ಗೆ ಮೊದಲೇ ಬರವಣಿಗೆಯಲ್ಲಿ ಕೊಡಿ. ಕೆಲಸ ಮಾಡುವವರೂ ಪ್ರತಿ ಮಾಡೆಲ್‌ನ ಫೋಟೊ, ತಾವು ಮುಟ್ಟಿದ ಪ್ರತಿ ಶಾಟ್‌ನ ನಂಬರ್ ಬರೆದಿಟ್ಟುಕೊಳ್ಳಿ. ಮುಂದಿನ ಕೆಲಸ ಕೇಳಲು ಹೋದಾಗ ತೋರಿಸಬೇಕಾದ್ದು ಅದನ್ನೇ.